ಅಮ್ಮನ ರಕ್ತ ಪರೀಕ್ಷೆಲಿ ಪೊಟ್ಯಾಷಿಯಂ 3.1 ಬಂದಿದೆ, ರಾತ್ರಿ ಮೀನಖಂಡ ಹಿಡ್ಕೊಳ್ಳುತ್ತೆ, ಮೆಟ್ಟಿಲು ಹತ್ತೋಕಾಗಲ್ಲ ಅಂತಾರೆ, ಬಿಪಿ ಮಾತ್ರೆನೂ ತಗೋತಾರೆ. ಎಳನೀರು ಬಾಳೆಹಣ್ಣು ಕೊಟ್ರೆ ಸಾಕಾ?

ಅಷ್ಟೇ ಸಾಕಾಗಲ್ಲ ರೀ. ನಾರ್ಮಲ್ ಅಂದ್ರೆ 3.5 ರಿಂದ 5, 2.5ಕ್ಕಿಂತ ಕೆಳಗೆ ಹೋದ್ರೆ ಸೀರಿಯಸ್, 3.1ಕ್ಕೆ ತೀರಾ ಗಾಬರಿ ಬೇಡ. ಆದ್ರೆ ಎರಡು ಹೊತ್ತು ಸರಿಯಾಗಿ ಊಟ ಮಾಡೋರಿಗೆ ಪೊಟ್ಯಾಷಿಯಂ ಸುಮ್‌ಸುಮ್ನೆ ಇಳಿಯಲ್ಲ, ಎಲ್ಲಿಂದಲೋ ಸೋರ್ತಿರುತ್ತೆ, ಮೊದಲು ಅದನ್ನ ಹುಡುಕಿ.

ರಾತ್ರಿ ಮೀನಖಂಡ ಹಿಡ್ಕೊಳ್ಳುತ್ತೆ, ಮೆಟ್ಟಿಲು ಹತ್ತೋಕಾಗಲ್ಲ ಅಂತಾರೆ, ಬಿಪಿ ಮಾತ್ರೆನೂ ತಗೋತಾರೆ ಅಂತ ಬರ್ದಿದ್ದೀರಲ್ಲ, ಆ ಮಾತ್ರೆ ಸ್ಟ್ರಿಪ್ ತಿರುಗಿಸಿ ಹಿಂದೆ ಓದಿ. ಹೆಸರಿನ ಕೊನೇಲಿ ಎಚ್ ಅಂತಿದ್ರೆ ಸಾಮಾನ್ಯವಾಗಿ ಅದ್ರಲ್ಲಿ ಹೈಡ್ರೋಕ್ಲೋರೋಥಯಾಜೈಡ್ ಸೇರಿರುತ್ತೆ, ಹೆಚ್ಚಾಗಿ 12.5 ಎಂಜಿ. ಅದು ಮೂತ್ರ ಜಾಸ್ತಿ ಮಾಡ್ಸುತ್ತೆ, ಉಪ್ಪಿನ ಜೊತೆ ಪೊಟ್ಯಾಷಿಯಂನೂ ಹೊರಗೆ ಹಾಕುತ್ತೆ. ಕ್ಲೋರ್‌ಥಾಲಿಡೋನ್ ಅನ್ನೋ ಅದೇ ಥರದ ಮಾತ್ರೆ ಇನ್ನೂ ಜಾಸ್ತಿ ಹೊರಗೆ ಹಾಕುತ್ತೆ. ನಮ್ಮತ್ತೆ ತಗೋತಿದ್ದಿದ್ದು ಅದೇ, ಮೇಲೆ ಎರಡು ದಿನ ಭೇದಿ ಬೇರೆ ಆಯ್ತು, ಸೀದಾ 2.8ಕ್ಕೆ ಬಂತು. ಹಾಗಂತ ಮಾತ್ರೆನ ನೀವೇ ನಿಲ್ಲಿಸ್ಬೇಡಿ, ಬಿಪಿ ಏರುತ್ತೆ, ಡಾಕ್ಟರ್ ಬದಲಾಯಿಸಿ ಕೊಡ್ತಾರೆ. ವಾಂತಿ, ಸ್ಟಿರಾಯ್ಡ್, ಉಬ್ಬಸಕ್ಕೆ ತಗೊಳ್ಳೋ ಸಾಲ್‌ಬುಟಮಾಲ್ ಇವುಗಳಿಂದ್ಲೂ ಇಳಿಯುತ್ತೆ.

ಅತ್ತೆಗೆ ಇಸಿಜಿ ಮಾಡಿ ಪೊಟ್ಯಾಷಿಯಂ ಕ್ಲೋರೈಡ್ ಸಿರಪ್ ಕೊಟ್ರು, 15 ಎಂಎಲ್‌ನಲ್ಲಿ 20 ಮಿಲಿ ಈಕ್ವಿವಲೆಂಟ್ (ಪೊಟ್ಯಾಷಿಯಂ ಅಳೆಯೋ ಮಾಪ) ಪೊಟ್ಯಾಷಿಯಂ ಇರುತ್ತೆ. ಹಾಗೇ ಬಾಯಿಗೆ ಹಾಕೊಂಡ್ರೆ ಉಪ್ಪುಪ್ಪು ಕಹಿ, ಹೊಟ್ಟೆ ಬೇರೆ ಉರಿಯುತ್ತೆ. ಊಟ ಆದ್ಮೇಲೆ ಒಂದು ದೊಡ್ಡ ಲೋಟ ನೀರಿಗೆ ಬೆರೆಸಿ ನಿಧಾನಕ್ಕೆ ಕುಡೀಬೇಕು, ನಮ್ಮತ್ತೆ ನಿಂಬೆ ಹಿಂಡ್ಕೊಂಡು ಮುಖ ಕಿವುಚ್ಕೊಂಡೇ ಮುಗಿಸ್ತಿದ್ರು.

ಬಾಳೆಹಣ್ಣಿನ ಲೆಕ್ಕ ನೋಡಿ, ಒಂದು ದೊಡ್ಡ ಪಚ್ಚಬಾಳೆಲಿ ಹೆಚ್ಚುಕಮ್ಮಿ 400 ಎಂಜಿ, ಅಂದ್ರೆ 10 ಮಿಲಿ ಈಕ್ವಿವಲೆಂಟ್, ಏಲಕ್ಕಿ ಬಾಳೆಲಿ ಅದಕ್ಕಿಂತ ಕಮ್ಮಿ. ಮೂತ್ರದ ಮಾತ್ರೆಯಿಂದ ಕ್ಲೋರೈಡೂ ಹೋಗಿರುತ್ತೆ, ಅದು ಹಣ್ಣಲ್ಲಿ ಅಷ್ಟಾಗಿ ಇಲ್ಲ. ಶುಗರ್ ಇದ್ರಂತೂ ದಿನಕ್ಕೆ ಅರ್ಧ ಡಜನ್ ತಿನ್ಸೋಕಾಗುತ್ತಾ? ಕೊಡಿ, ಬೇಡ ಅನ್ನಲ್ಲ, ಎಳನೀರು, ಸೊಪ್ಪಿನ ಹುಳಿ, ಆಲೂಗಡ್ಡೆ ಎಲ್ಲಾ ಒಳ್ಳೇದೇ, ಆದ್ರೆ ಅದು ಔಷಧಿ ಜಾಗದಲ್ಲಿ ಅಲ್ಲ.

ಕ್ರಿಯಾಟಿನಿನ್ (ಕಿಡ್ನಿ ಹೇಗಿದೆ ಅಂತ ತೋರಿಸೋ ರಕ್ತ ಪರೀಕ್ಷೆ) ನೋಡದೆ ಮಾತ್ರ ಏನೂ ಶುರು ಮಾಡ್ಬೇಡಿ. ಕಿಡ್ನಿ ವೀಕ್ ಇದ್ರೆ, ಟೆಲ್ಮಿಸಾರ್ಟನ್ ಥರದ ಬಿಪಿ ಮಾತ್ರೆ ತಗೊಳ್ತಿದ್ರೆ, ಸಿರಪ್ ಜೊತೆ ಪೊಟ್ಯಾಷಿಯಂ ಮೇಲಕ್ಕೆ ಹೋಗ್ಬಿಡುತ್ತೆ, ಅದು ಇನ್ನೂ ಡೇಂಜರ್. ಮೆಗ್ನೀಷಿಯಂ ಟೆಸ್ಟೂ ಮಾಡ್ಸಿ, ಅದು ಕಮ್ಮಿ ಇದ್ರೆ ಎಷ್ಟು ಸಿರಪ್ ಕುಡಿಸಿದ್ರೂ ಪೊಟ್ಯಾಷಿಯಂ ಏರೋದು ಕಷ್ಟ.

ಎದೆ ಡವಡವ ಅಂತ ತಾಳ ತಪ್ಪಿದ್ರೆ, ತಲೆ ಸುತ್ತಿ ಬಿದ್ರೆ, ಕಾಲು ಎತ್ತೋಕೇ ಆಗ್ದಿದ್ರೆ ರಿಪೋರ್ಟ್‌ಗೆ ಕಾಯ್ಬೇಡಿ, ರಾತ್ರಿ ಆದ್ರೂ ಸರಿ ಎಮರ್ಜೆನ್ಸಿಗೆ ಕರ್ಕೊಂಡು ಹೋಗಿ.