ಸಿನಿಮಾ ಪ್ರೊಡಕ್ಷನ್ ಡಿಸೈನರ್ ಆಗಲು ಈಗಲೇ ಕಾರವಾರ ಬಿಟ್ಟು ಬೆಂಗಳೂರಿಗೆ ಹೋಗಬೇಕಾ?

ಪಿಯುಸಿ ಮುಗಿದಿದೆ, ಚಿತ್ರ ಚೆನ್ನಾಗಿ ಬರೆಯುತ್ತೇನೆ, ಓದು ಬಿಟ್ಟು ಬೆಂಗಳೂರಲ್ಲಿ ಯಾರಾದರೂ ಕಲಾ ನಿರ್ದೇಶಕರ ಹತ್ತಿರ ಸೇರಿಕೊಳ್ಳಲಾ ಎಂದು ಕೇಳಿದ್ದೀರಿ. ನಾನು ಶಿರಸಿಯವನು, ಹನ್ನೆರಡು ವರ್ಷದಿಂದ ಇದೇ ಕೆಲಸದಲ್ಲಿದ್ದೇನೆ. ಈಗಲೇ ಬೇಡ.

ಯಾಕೆ ಅಂತ ಹೇಳುತ್ತೇನೆ. ಸಹಾಯಕನಾಗಿ ನನ್ನ ಮೊದಲ ಸಿನಿಮಾ ನಮ್ಮ ಕಡೆಯೇ ನಡೆಯಿತು. ಹಳೇ ಮನೆಯ ಜಗಲಿಯ ಸೆಟ್. ಪ್ಲೈವುಡ್ ಚೌಕಟ್ಟಿನ ಮೇಲೆ ಥರ್ಮೋಕೋಲ್ ಅಂಟಿಸಿ, ಚಿರೆಕಲ್ಲಿನ ಹಾಗೆ ಕೆತ್ತಿ ಬಣ್ಣ ಹೊಡೆದೆ. ನಿಜವಾದ ಕಲ್ಲನ್ನು ಪಕ್ಕದಲ್ಲಿಟ್ಟು ನೋಡಿದರೂ ವ್ಯತ್ಯಾಸ ಗೊತ್ತಾಗುತ್ತಿರಲಿಲ್ಲ. ಪಕ್ಕದ ಮನೆಯಲ್ಲಿ ಅಡಿಕೆ ಸುಲಿಯುತ್ತಿದ್ದ ಅಜ್ಜಿ ಬಂದು ನೋಡಿ, "ತಮಾ, ಈ ಮನೆ ಒಂದೂ ಮಳೆಗಾಲ ಕಂಡಿದ್ದಿಲ್ಲೆ ಅಲ್ದಾ?" ಅಂದರು.

ಹೌದಲ್ವಾ! ಸೂರಿನ ನೀರು ಅಂಗಳಕ್ಕೆ ಬಿದ್ದು, ಕೆಂಪು ಮಣ್ಣು ಚಿಮ್ಮಿ, ಗೋಡೆಯ ಬುಡದಲ್ಲಿ ಮೊಳಕಾಲೆತ್ತರ ಕಲೆ ಕೂರುತ್ತದೆ. ಪಡುವಣದ ಗೋಡೆಗೆ ಮಳೆ ಹೊಡೆದು ಹೊಡೆದು ಪಾಚಿ ಕಪ್ಪಾಗಿರುತ್ತದೆ, ಒಳಜಗಲಿಯ ಗೋಡೆಗೆ ಅದು ತಾಗುವುದೇ ಇಲ್ಲ. ಎಲ್ಲರೂ ಕೈಯೂರಿ ಏಳುವ ಕಂಬ ಅಷ್ಟೇ ಜಾಗದಲ್ಲಿ ಮಿರಮಿರ ಮಿಂಚುತ್ತದೆ. ಇಂಥ ಮನೆಯಲ್ಲೇ ಹುಟ್ಟಿ ಬೆಳೆದ ನಾನು ಇದನ್ನು ಒಮ್ಮೆಯೂ ನಿಂತು ನೋಡಿರಲಿಲ್ಲ. ಆ ರಾತ್ರಿ ಕೆಮ್ಮಣ್ಣಿನ ನೀರಲ್ಲಿ ಕಡ್ಡಿ ಪೊರಕೆ ಅದ್ದಿ ಗೋಡೆಯ ಬುಡಕ್ಕೆ ಚಿಮುಕಿಸಿದೆವು, ಮೇಲೆ ಇದ್ದಿಲ ಪುಡಿ ಉಜ್ಜಿದೆವು. ಬೆಳಗ್ಗೆ ಅದು ಮನೆ ಅನ್ನಿಸಿತು. ಈ ಕೆಲಸಕ್ಕೆ ಮೊದಲು ಬೇಕಾದ್ದು ಹೀಗೆ ನೋಡುವ ಕಣ್ಣು, ಅದನ್ನು ಊರಲ್ಲೇ ಕಲಿಯಬಹುದು.

ಪ್ರೊಡಕ್ಷನ್ ಡಿಸೈನರ್ ಅಂದರೆ ನಿರ್ದೇಶಕರು, ಕ್ಯಾಮೆರಾದವರ ಜೊತೆ ಕೂತು ಇಡೀ ಸಿನಿಮಾ ಹೇಗೆ ಕಾಣಬೇಕು ಎಂದು ತೀರ್ಮಾನಿಸುವವರು. ಅದನ್ನು ಕಟ್ಟಿಸುವುದು ಕಲಾ ನಿರ್ದೇಶಕರ ಕೆಲಸ. ಸಣ್ಣ ಸಿನಿಮಾಗಳಲ್ಲಿ ಎರಡೂ ಒಬ್ಬರ ತಲೆ ಮೇಲೆಯೇ ಬೀಳುತ್ತದೆ. ಪ್ರೊಡಕ್ಷನ್ ಡಿಸೈನರ್ ಎಂಬ ಹೆಸರು ಗಟ್ಟಿಯಾಗಿದ್ದು 1939ರ ಹಾಲಿವುಡ್ ಸಿನಿಮಾ 'ಗಾನ್ ವಿತ್ ದ ವಿಂಡ್'ನಿಂದ, ಅದರ ವಿನ್ಯಾಸ ಮಾಡಿದ ವಿಲಿಯಂ ಕ್ಯಾಮರಾನ್ ಮೆಂಜೀಸ್ ಅವರ ಕೆಲಸಕ್ಕಾಗಿ. ಚಿತ್ರ ಬರೆಯುವುದು ಇದರಲ್ಲಿ ಸ್ವಲ್ಪವೇ. ಉಳಿದದ್ದು ಬಡಗಿಗಳ ಕೂಲಿ, ಪ್ಲೈವುಡ್ ಬಿಲ್ಲು, ನಾಳೆ ಬೆಳಗ್ಗೆಯೊಳಗೆ ಮುಗಿಯಬೇಕಾದ ಪೇಂಟಿಂಗು. ಶುರುವಿನ ವರ್ಷಗಳಲ್ಲಿ ತಿಂಗಳ ಸಂಬಳ ಇರುವುದಿಲ್ಲ, ಎರಡು ಸಿನಿಮಾಗಳ ನಡುವೆ ಖಾಲಿ ಕೂರಬೇಕಾಗುತ್ತದೆ. ಇದನ್ನು ಮನೆಯವರಿಗೂ ಈಗಲೇ ಹೇಳಿಬಿಡಿ.

ಹಾಗಾಗಿ ಓದು ಬಿಡಬೇಡಿ. ಮೈಸೂರಿನ ಕಾವಾ (ಚಾಮರಾಜೇಂದ್ರ ದೃಶ್ಯಕಲಾ ಅಕಾಡೆಮಿ) ಅಥವಾ ಬೆಂಗಳೂರಿನ ಚಿತ್ರಕಲಾ ಪರಿಷತ್ತಿನಲ್ಲಿ ದೃಶ್ಯಕಲೆಯ ಪದವಿ ಮಾಡಿ. ಆಮೇಲೆ ಪುಣೆಯ ಸಿನಿಮಾ ಶಾಲೆ ಎಫ್‌ಟಿಐಐಗೆ ಪ್ರಯತ್ನಿಸಬಹುದು, ಅಲ್ಲಿ ಕಲಾ ನಿರ್ದೇಶನ ಮತ್ತು ಪ್ರೊಡಕ್ಷನ್ ಡಿಸೈನಿಗೇ ಒಂದು ಕೋರ್ಸ್ ಇದೆ. ಇನ್ನೊಂದು ದಾರಿ ಸಾಗರದ ಹತ್ತಿರ ಹೆಗ್ಗೋಡಿನ ನೀನಾಸಂ. ಅದು ನಾಟಕದ ಶಾಲೆ, ನಿಜ. ಆದರೆ ಕಡಿಮೆ ಸಾಮಾನಿನಲ್ಲಿ ಒಂದು ಜಾಗ ಕಟ್ಟುವುದನ್ನು ಕಲಿಯಲು ರಂಗಭೂಮಿಗಿಂತ ಒಳ್ಳೆಯ ಜಾಗ ನನಗೆ ಗೊತ್ತಿಲ್ಲ.

ಅಲ್ಲಿಯವರೆಗೆ ಒಂದು ಅಳತೆ ಟೇಪು ಕೊಳ್ಳಿ. ಅಜ್ಜಿಮನೆಯ ಅಡುಗೆಕೋಣೆಯನ್ನು ಅಳೆದು 1:50 ಅಳತೆಯಲ್ಲಿ, ಅಂದರೆ ನಿಜದ ಐವತ್ತು ಸೆಂಟಿಮೀಟರಿಗೆ ಹಾಳೆಯಲ್ಲಿ ಒಂದು ಸೆಂಟಿಮೀಟರಿನಂತೆ ಬರೆಯಿರಿ, ಬಾಗಿಲ ಎತ್ತರವನ್ನು ಮರೆಯದೆ ಗುರುತಿಸಿ. ಬೈತಖೋಲ ಬಂದರಿಗೆ ಹೋಗಿ ದೋಣಿಗಳ ಬಣ್ಣ ಎಲ್ಲಿಂದ ಏಳುತ್ತದೆ, ಮೊಳೆಯ ತುಕ್ಕು ಯಾವ ಕಡೆ ಇಳಿದಿದೆ ನೋಡಿ. ಕೆಲಸ ಕೇಳಿಕೊಂಡು ಬರುವವರ ಹತ್ತಿರ ನಾನು ಮೊದಲು ನೋಡಲು ಕೇಳುವುದು ಇಂಥ ಹಾಳೆಗಳನ್ನೇ.