‘ಅಂತಾರೆ’ಗೆ ಕತ್ತರಿ ಹಾಕಬೇಡಿ: ಸಾಕ್ಷ್ಯಚಿತ್ರ ಸಂಕಲನ, ಓದುಗರ ಪ್ರಶ್ನೋತ್ತರ

ಬಿ.ಕಾಂ. ಮುಗಿದಿದೆ. ಸಾಕ್ಷ್ಯಚಿತ್ರದ ಎಡಿಟರ್ ಆಗಬೇಕೆಂದಿದ್ದೇನೆ. ಕೋರ್ಸ್ ಮಾಡಲೇಬೇಕೆ?
– ಓದುಗರೊಬ್ಬರು, ರಾಜಾಜಿನಗರ

ಕಡ್ಡಾಯವೇನಲ್ಲ. ಸಂಕಲನಕ್ಕೆಂದೇ ತರಬೇತಿ ಬೇಕಿದ್ದರೆ ಪುಣೆಯ ಎಫ್‌ಟಿಐಐ (ಫಿಲ್ಮ್ ಮತ್ತು ಟೆಲಿವಿಷನ್ ಸಂಸ್ಥೆ), ಕೋಲ್ಕತ್ತದ ಸತ್ಯಜಿತ್ ರೇ ಫಿಲ್ಮ್ ಸಂಸ್ಥೆಗಳಿವೆ. ಪ್ರವೇಶ ಪರೀಕ್ಷೆ ದಾಟಬೇಕು. ಬೆಂಗಳೂರಲ್ಲೇ ಸ್ಟುಡಿಯೊಗಳ ಬಾಗಿಲು ತಟ್ಟಿದರೆ ಮೊದಲು ಸಿಗುವುದು ಅಸಿಸ್ಟೆಂಟ್ ಕೆಲಸ: ಕ್ಯಾಮೆರಾದ ಕಾರ್ಡ್ ಕಾಪಿ ಮಾಡು, ಸೌಂಡನ್ನು ಚಿತ್ರಕ್ಕೆ ಸಿಂಕ್ ಮಾಡು, ಸಂದರ್ಶನ ಬರೆದಿಳಿಸು. ಗುಮಾಸ್ತಿಕೆ ಎಂದು ಮೂಗು ಮುರಿಯಬೇಡಿ. ಎಷ್ಟೋ ಸಲ ಫುಟೇಜನ್ನು ಪೂರ್ತಿ ನೋಡಿದವರು ಅಸಿಸ್ಟೆಂಟ್ ಒಬ್ಬರೇ. ಕಲಿಯಲು ಡಾವಿಂಚಿ ರಿಸಾಲ್ವ್ ಎಂಬ ಎಡಿಟಿಂಗ್ ಸಾಫ್ಟ್‌ವೇರ್‌ನ ಉಚಿತ ಆವೃತ್ತಿ ಸಾಕು.

ಕೆರೆಯೊಂದರ ಬಗ್ಗೆ 40 ಗಂಟೆ 4ಕೆ ಫುಟೇಜ್ ಇದೆ. ಲ್ಯಾಪ್‌ಟಾಪ್ ತಡವರಿಸುತ್ತದೆ. ಫೋನಲ್ಲಿ ತೆಗೆದ ಭಾಗದಲ್ಲಿ ತುಟಿ ಒಂದು ಕಡೆ, ಮಾತು ಒಂದು ಕಡೆ.
– ಓದುಗರೊಬ್ಬರು, ಜಕ್ಕೂರು

ಕ್ಯಾಮೆರಾ ಸೆಕೆಂಡಿಗೆ 100 ಮೆಗಾಬಿಟ್ ದಾಖಲಿಸಿದೆ ಎಂದುಕೊಂಡರೆ ಗಂಟೆಗೆ 45 ಜಿಬಿ, ಒಟ್ಟು 1.8 ಟಿಬಿ. ಆದರೆ ತಡವರಿಕೆಗೆ ಗಾತ್ರಕ್ಕಿಂತ ಎಚ್.264, ಎಚ್.265 ಎಂಬ ವಿಡಿಯೊ ಕುಗ್ಗಿಸುವ ವಿಧಾನಗಳು ಕಾರಣ: ಹೆಚ್ಚಿನ ಫ್ರೇಮ್‌ಗಳು ಸ್ವತಂತ್ರವಲ್ಲ, ಅಕ್ಕಪಕ್ಕದವನ್ನು ಬಿಡಿಸಿಕೊಂಡೇ ಕಾಣಬೇಕು. ಎಡಿಟ್ ಮಾಡಲು 1080ರ ಪ್ರೋರೆಸ್ ಪ್ರಾಕ್ಸಿ, ಅಂದರೆ ಲ್ಯಾಪ್‌ಟಾಪ್‌ಗೆ ಹಗುರವಾದ ಕಡಿಮೆ ಗುಣಮಟ್ಟದ ಪ್ರತಿ, ಮಾಡಿಕೊಳ್ಳಿ. 25 ಫ್ರೇಮ್ ವೇಗದಲ್ಲಿ ಗಂಟೆಗೆ ಸುಮಾರು 17 ಜಿಬಿ. ಕೊನೆಗೆ ಬಣ್ಣ ಹೊಂದಿಸುವಾಗ ಮೂಲ ಫೈಲ್‌ಗೆ ಮರಳಿ. ಮೂಲದ ಪ್ರತಿ ಎರಡು ಡ್ರೈವ್‌ಗಳಲ್ಲಿರಲಿ, ಒಂದು ಬೇರೆ ಮನೆಯಲ್ಲಿ.

ಫೋನಿನ ಫ್ರೇಮ್ ರೇಟ್ ಏರಿಳಿಯುತ್ತದೆ. ತುಟಿ ತಪ್ಪುವುದು ಅದಕ್ಕೇ. ಟೈಮ್‌ಲೈನ್‌ಗೆ ತರುವ ಮೊದಲೇ ಹ್ಯಾಂಡ್‌ಬ್ರೇಕ್ ಎಂಬ ಸಾಫ್ಟ್‌ವೇರ್‌ನಲ್ಲಿ ಕಾನ್‌ಸ್ಟಂಟ್ (ಏರಿಳಿಯದ) ಫ್ರೇಮ್ ರೇಟ್‌ಗೆ ಬದಲಿಸಿ. ಅರ್ಧ ಎಡಿಟ್ ಆದ ಮೇಲೆ ಹೊರಟರೆ ಎಲ್ಲ ಕಟ್‌ಗಳನ್ನೂ ಮತ್ತೆ ಹೊಂದಿಸಬೇಕಾದೀತು.

ಸಂದರ್ಶನ ಕತ್ತರಿಸಿದರೆ ಮಾತು ಕೃತಕವಾಗಿ ಕೇಳುತ್ತದೆ. ಏಕೆ?
– ಓದುಗರೊಬ್ಬರು, ಬಸವನಗುಡಿ

ಕನ್ನಡದಲ್ಲಿ ಕ್ರಿಯಾಪದ ಕೊನೆಗೆ ಬರುತ್ತದೆ, ಅರ್ಥದ ಕೀಲಿಯೂ ಅಲ್ಲೇ. ‘ಹೂಳು ತೆಗೆಸಿದ್ರು ಅಂತಾರೆ’ ಎಂದು ಮೀನುಗಾರರೊಬ್ಬರು ಹೇಳಿದ್ದಾರೆನ್ನಿ. ಉದ್ದವಾಯಿತೆಂದು ‘ಅಂತಾರೆ’ ಹಾರಿಸಿದಿರೋ, ಅವರು ಕೇಳಿದ್ದು ಕಣ್ಣಾರೆ ಕಂಡದ್ದಾಗುತ್ತದೆ. ಇದು ತಾಂತ್ರಿಕ ತಪ್ಪಲ್ಲ, ಅವರ ಬಾಯಲ್ಲಿ ಸುಳ್ಳು ಹೇಳಿಸಿದ ಹಾಗೆ. ಕಿವಿಗೂ ಗೊತ್ತಾಗುತ್ತದೆ: ಮಾತು ಮುಗಿಯುವಾಗ ಇಳಿಯಬೇಕಾದ ದನಿ ಮೇಲೇ ನೇತಾಡುತ್ತದೆ.

ಪದದ ಆರಂಭದ ಪ, ಟ, ಕಗಳಿಗೆ ಮುಂಚೆ ಚಿಕ್ಕ ಮೌನವಿರುತ್ತದೆ. ಕಟ್ ಅಲ್ಲಿ ಅಡಗುತ್ತದೆ. ಉಸಿರಿನ ಮಧ್ಯೆ ಮಾತ್ರ ಬೇಡ. ಸೌಂಡ್‌ಗೆ ಒಂದೆರಡು ಫ್ರೇಮ್ ಕ್ರಾಸ್‌ಫೇಡ್ (ಒಂದು ಇಳಿಯುತ್ತ ಇನ್ನೊಂದು ಏರುವಂತೆ) ಕೊಡಿ. ಸಂದರ್ಶನದ ಜಾಗದಲ್ಲೇ 30 ಸೆಕೆಂಡ್ ಯಾರೂ ಮಾತಾಡದೆ ರೆಕಾರ್ಡ್ ಮಾಡಿಕೊಂಡಿರಬೇಕು. ಆ ಫ್ಯಾನಿನ ಸದ್ದು, ರಸ್ತೆಯ ಗುಂಯ್ ಇಲ್ಲದಿದ್ದರೆ ನಡುವಿನ ಬಿಡುವು ಬಾವಿಗೆ ಬಿದ್ದಂತಿರುತ್ತದೆ. ಇನ್ನು, ಕಟ್ ಮುಚ್ಚಲು ಪ್ರತಿ ಸಲ ಮಾತಿನ ಮೇಲೆ ಕೆರೆಯ ಕೊಕ್ಕರೆ ತೋರಿಸಬೇಡಿ. ಮೂರನೇ ಕೊಕ್ಕರೆ ಹಾರುವಷ್ಟರಲ್ಲಿ ಕತ್ತರಿ ಎಲ್ಲಿ ಬಿತ್ತೆಂದು ನೋಡುಗರಿಗೆ ತಿಳಿದುಬಿಡುತ್ತದೆ.

ಸಂಭಾವನೆ ಹೇಗೆ ಮಾತಾಡುವುದು?
– ಓದುಗರೊಬ್ಬರು, ಕೆಂಗೇರಿ

ಚಿತ್ರದ ನಿಮಿಷ ಲೆಕ್ಕಕ್ಕೆ ಒಪ್ಪಬೇಡಿ, ಫುಟೇಜ್ ಎಷ್ಟು ಗಂಟೆ ಎಂದು ಕೇಳಿ. ತಿದ್ದುಪಡಿ ಎರಡು ಸುತ್ತು. ಪಿಕ್ಚರ್ ಲಾಕ್ (ದೃಶ್ಯಗಳ ಸಂಕಲನ ಅಂತಿಮ) ಆದ ಮೇಲಿನ ಬದಲಾವಣೆಗೆ ದಿನದ ಲೆಕ್ಕ. ಇದನ್ನು ಮೊದಲೇ ಬರವಣಿಗೆಯಲ್ಲಿ ಪಡೆಯಿರಿ.