‘ಕಾಪಿಯಿಂಗ್’ ಅಂತ ಬಂದಾಗ ಪ್ಲಗ್ ಕೀಳಬೇಡಿ

ಗೇಮ್ ಕನ್ಸೋಲ್ ರಿಪೇರಿ ನನ್ನ ಕಸುಬು. ಈ ಅಂಕಣಕ್ಕೆ ಬರುವ ಪತ್ರಗಳಲ್ಲಿ ಅಪ್‌ಡೇಟ್ ಬಗ್ಗೆ ಕೇಳುವವೇ ಹೆಚ್ಚು. ಅದರಲ್ಲೂ ಈ ಮೊದಲನೇ ಪ್ರಶ್ನೆಯನ್ನು ಎಷ್ಟು ಸಲ ಓದಿದ್ದೇನೋ ಲೆಕ್ಕವಿಲ್ಲ. ಇದಕ್ಕೆ ಸಿಗುವ ತಪ್ಪು ಸಲಹೆಯಿಂದ ಹಾಳಾದ ಕನ್ಸೋಲ್‌ಗಳು ನನ್ನ ಮೇಜಿನ ಮೇಲೆ ಬಂದು ಕೂರುತ್ತಲೇ ಇರುತ್ತವೆ. ಹಾಗಾಗಿ ಈ ಸಲ ಇದೊಂದಕ್ಕೆ ಪೂರ್ತಿ ಉತ್ತರ, ಉಳಿದವಕ್ಕೆ ಚುಟುಕು.

ಪ್ರಶ್ನೆ: ಸರ್, ನನ್ನದು ಪ್ಲೇಸ್ಟೇಷನ್ 4. ಒಂದು ಗೇಮ್‌ಗೆ 5 ಜಿಬಿ ಅಪ್‌ಡೇಟ್ ಬಂತು. 30 ಜಿಬಿ ಖಾಲಿ ಇದ್ದರೂ ಜಾಗ ಸಾಲದು ಅಂದಿತು. ಬೇರೆರಡು ಗೇಮ್ ಅಳಿಸಿ ಜಾಗ ಮಾಡಿಕೊಟ್ಟೆ. ಈಗ ಡೌನ್‌ಲೋಡ್ ಮುಗಿದಿದೆ, ಆದರೆ ‘ಕಾಪಿಯಿಂಗ್’ ಅಂತ ತೋರಿಸಿ ಒಂದು ಗಂಟೆಯಿಂದ ಅಲ್ಲೇ ನಿಂತಿದೆ. ಪ್ಲಗ್ ತೆಗೆದು ಮತ್ತೆ ಹಾಕಲೇ? ಅಂಗಡಿಯವರು ಇನಿಷಿಯಲೈಸ್ ಮಾಡಿಬಿಡಿ, ಎಲ್ಲ ಸರಿಹೋಗುತ್ತದೆ ಅನ್ನುತ್ತಾರೆ.

ಉತ್ತರ: ಪ್ಲಗ್ ತೆಗೆಯಬೇಡಿ. ಇನಿಷಿಯಲೈಸ್, ಅಂದರೆ ಒಳಗಿರುವುದನ್ನೆಲ್ಲ ಅಳಿಸಿ ಹೊಸದರಂತೆ ಮಾಡುವುದು, ಅದನ್ನಂತೂ ಮಾಡಲೇಬೇಡಿ. ನಿಮ್ಮ ಕನ್ಸೋಲ್ ಕೆಟ್ಟಿಲ್ಲ, ಮಾಡಬೇಕಾದ ಕೆಲಸವನ್ನೇ ಮಾಡುತ್ತಿದೆ.

5 ಜಿಬಿ ಬಂದರೆ 5 ಜಿಬಿ ಜಾಗ ಸಾಕು ಎಂಬ ಲೆಕ್ಕವೇ ತಪ್ಪು. ಅಪ್‌ಡೇಟ್ ಎಂದರೆ ಹಳೆಯ ಗೇಮ್‌ನ ಪಕ್ಕದಲ್ಲಿ ಇನ್ನಷ್ಟು ಫೈಲ್ ತಂದಿಡುವುದಲ್ಲ. ಗೇಮ್‌ನ ಚಿತ್ರ, ಧ್ವನಿ, ನಕ್ಷೆ ಎಲ್ಲವನ್ನೂ ಒತ್ತಿ, ದೊಡ್ಡ ದೊಡ್ಡ ಗಂಟುಗಳಾಗಿ ಕಟ್ಟಿರುತ್ತಾರೆ. ಬದಲಾದ ಚೂರುಗಳು ಆ ಗಂಟುಗಳ ನಡುನಡುವೆ ಸೇರಬೇಕು. ಪ್ಲೇಸ್ಟೇಷನ್ 4 ಇದನ್ನು ಹಳೆಯ ಲೆಕ್ಕದ ಪುಸ್ತಕದಲ್ಲಿ ಗೀಚಿ ತಿದ್ದುವುದಿಲ್ಲ. ಹೊಸ ಪುಸ್ತಕ ತೆಗೆದು ಪುಟಪುಟವಾಗಿ ನಕಲು ಮಾಡುತ್ತಾ ಹೋಗುತ್ತದೆ. ತಿದ್ದಬೇಕಾದ ಪುಟ ಬಂದಾಗ ಡೌನ್‌ಲೋಡ್ ಆದ ಹೊಸ ಪುಟವನ್ನು ಸೇರಿಸುತ್ತದೆ. ಕೊನೆಯ ಪುಟದವರೆಗೂ ಸರಿಯಾಗಿ ಬಂತೆಂದು ಖಾತ್ರಿಯಾದ ಮೇಲೆಯೇ ಹಳೆಯದನ್ನು ಅಳಿಸುತ್ತದೆ. ಅಂದರೆ ಗೇಮ್ 80 ಜಿಬಿ ಇದ್ದರೆ, ಸ್ವಲ್ಪ ಹೊತ್ತಿನ ಮಟ್ಟಿಗೆ ಡಿಸ್ಕ್‌ನಲ್ಲಿ ಎರಡು ಗೇಮ್ ಇರುತ್ತವೆ. ನಿಮ್ಮ 30 ಜಿಬಿ ಸಾಲದೆ ಹೋದದ್ದು ಇದಕ್ಕೇ. ಕೆಲಸ ಮುಗಿದ ಕೂಡಲೇ ಆ ಜಾಗ ವಾಪಸ್ ಬರುತ್ತದೆ.

ಒಂದು ಗಂಟೆ ಯಾಕೆ ಎಂದು ತಿಳಿಯಬೇಕಾದರೆ ಟಿವಿ ಮ್ಯೂಟ್ ಮಾಡಿ ಕನ್ಸೋಲ್ ಹತ್ತಿರ ಕಿವಿ ಇಟ್ಟು ನೋಡಿ. ಸಣ್ಣಗೆ ಕಟಕಟ ಸದ್ದು ಕೇಳುತ್ತದೆ. ಒಳಗಿರುವುದು ನಿಮಿಷಕ್ಕೆ 5400 ಸುತ್ತು ತಿರುಗುವ ಲ್ಯಾಪ್‌ಟಾಪ್ ಮಾದರಿಯ ಹಾರ್ಡ್ ಡಿಸ್ಕ್. ಅದರ ಮುಳ್ಳು ಹಳೆಯ ಗೇಮ್ ಇರುವ ಕಡೆ ಹೋಗಿ ಒಂದಷ್ಟು ಓದಬೇಕು, ಖಾಲಿ ಜಾಗಕ್ಕೆ ಬಂದು ಬರೆಯಬೇಕು, ಮತ್ತೆ ಅಲ್ಲಿಗೆ ಓಡಬೇಕು. ಓದುವುದು, ಬರೆಯುವುದು ಎರಡೂ ಒಂದೇ ಮುಳ್ಳಿನ ಪಾಲಿಗೆ. ಪರದೆಯ ಮೇಲಿನ ಪಟ್ಟಿ ನಿಂತಂತೆ ಕಂಡರೂ ಆ ಸದ್ದು ಕೇಳುತ್ತಿದೆ ಎಂದರೆ ಕೆಲಸ ಸಾಗುತ್ತಿದೆ. ಇಂಟರ್ನೆಟ್ ವೇಗಕ್ಕೂ ಈ ಹಂತಕ್ಕೂ ಸಂಬಂಧವಿಲ್ಲ. ಈ ಹೊತ್ತಿನಲ್ಲಿ ರೂಟರ್ ಆಫ್ ಮಾಡಿ ಆನ್ ಮಾಡುವವರನ್ನೂ ಕಂಡಿದ್ದೇನೆ. ಅದರಿಂದ ಏನೂ ಆಗದು.

ನಡುವೆ ಪ್ಲಗ್ ಕಿತ್ತರೆ? ಅದೃಷ್ಟವಿದ್ದರೆ ಅರ್ಧ ಆದ ನಕಲು ಹೋಗಿ, ಎಲ್ಲ ಮೊದಲಿನಿಂದ ಶುರುವಾಗುತ್ತದೆ. ಇಲ್ಲದಿದ್ದರೆ ಬರೆಯುತ್ತಿದ್ದ ಜಾಗದಲ್ಲೇ ಡಿಸ್ಕ್‌ನ ಲೆಕ್ಕ ತಪ್ಪಿ, ಗೇಮ್ ತೆರೆಯದೆ ಹಾಳಾಗಿದೆ ಎಂಬ ಸಂದೇಶ ಬರುತ್ತದೆ. ಆಗಲೂ ಹೆದರಬೇಕಿಲ್ಲ, ಗೇಮ್ ಅಳಿಸಿ ಮತ್ತೆ ಹಾಕಿಕೊಳ್ಳಬಹುದು. ಆದರೆ ಸಿಸ್ಟಮ್ ಸಾಫ್ಟ್‌ವೇರ್ ಅಪ್‌ಡೇಟ್ ಆಗುತ್ತಿರುವಾಗ ಕಿತ್ತರೆ ಕಥೆಯೇ ಬೇರೆ. ಅದು ಗೇಮ್‌ನದ್ದಲ್ಲ, ಕನ್ಸೋಲ್‌ನ ಸ್ವಂತ ತಂತ್ರಾಂಶ. ಅದು ಅರ್ಧಕ್ಕೆ ನಿಂತರೆ ಕನ್ಸೋಲ್ ಏಳದೇ ಹೋಗಬಹುದು. ಈ ಎರಡು ಅಪ್‌ಡೇಟ್‌ಗಳ ವ್ಯತ್ಯಾಸ ಗೊತ್ತಿಲ್ಲದವರೇ ಸಲಹೆ ಕೊಡಲು ಮುಂದೆ ಇರುತ್ತಾರೆ.

ಇನ್ನು ಇನಿಷಿಯಲೈಸ್ ವಿಷಯ. ಕೆಲವು ತಿಂಗಳ ಹಿಂದೆ ಒಬ್ಬ ತಾಯಿ ಮಗನ ಕನ್ಸೋಲ್ ತಂದಿದ್ದರು. ಹುಡುಗ ಪಕ್ಕದಲ್ಲೇ ತಲೆ ತಗ್ಗಿಸಿ ನಿಂತಿದ್ದ. ಅಪ್‌ಡೇಟ್ ನಿಂತಿದೆ ಅಂದದ್ದಕ್ಕೆ ಯಾರೋ ರಿಪೇರಿಯವನು ಎರಡೇ ನಿಮಿಷದಲ್ಲಿ ಸರಿಮಾಡಿಕೊಟ್ಟಿದ್ದನಂತೆ. ಆನ್ ಮಾಡಿ ನೋಡಿದೆ. ಭಾಷೆ ಆರಿಸಿ ಅನ್ನುವ ಮೊದಲ ಪರದೆ ಬಂತು, ಹೊಸದಾಗಿ ಪೆಟ್ಟಿಗೆಯಿಂದ ತೆಗೆದ ಕನ್ಸೋಲ್‌ನಲ್ಲಿ ಬರುವ ಹಾಗೆ. ಎರಡು ವರ್ಷ ಆಡಿ ಕೂಡಿಟ್ಟ ಸೇವ್‌ಗಳೆಲ್ಲ, ಅಂದರೆ ಆಟ ಎಲ್ಲಿಯವರೆಗೆ ಬಂದಿತ್ತೆಂಬ ದಾಖಲೆಗಳೆಲ್ಲ, ಹೋಗಿದ್ದವು. ಕ್ಲೌಡ್‌ನಲ್ಲೂ ಇರಲಿಲ್ಲ, ಪೆನ್‌ಡ್ರೈವ್‌ನಲ್ಲೂ ಇರಲಿಲ್ಲ. ಗೇಮ್ ಮತ್ತೆ ಡೌನ್‌ಲೋಡ್ ಆಗುತ್ತದೆ, ಹೋದ ಸೇವ್ ಮತ್ತೆ ಬರುವುದಿಲ್ಲ. ಆ ಹುಡುಗನಿಗೆ ಅದನ್ನು ಹೇಳುವ ಕೆಲಸ ನನ್ನ ಪಾಲಿಗೆ ಬಂತು. ಆ ಸಿಟ್ಟು ಇನ್ನೂ ಇಳಿದಿಲ್ಲ.

ಈಗ ನೀವು ಮಾಡಬೇಕಾದ್ದು. ಕಾಪಿಯಿಂಗ್ ಹಾಗೇ ಬಿಡಿ, ಬೇಕಾದರೆ ಕನ್ಸೋಲನ್ನು ರೆಸ್ಟ್ ಮೋಡ್‌ಗೆ (ಪೂರ್ತಿ ಆಫ್ ಆಗದ ಅರೆನಿದ್ದೆಗೆ) ಹಾಕಿ ಮಲಗಿ. ಮುಂದೆ ಕಿತ್ತಳೆ ದೀಪ ಉರಿಯುತ್ತಿರುತ್ತದೆ. ಅದು ಉರಿಯುವಷ್ಟು ಹೊತ್ತೂ ಒಳಗೆ ಕೆಲಸ ನಡೆದಿರಬಹುದು, ಗೋಡೆಯ ಸ್ವಿಚ್ ಮುಟ್ಟಬೇಡಿ. ಬೆಳಗ್ಗೆಯೂ ಪಟ್ಟಿ ಒಂದಿಷ್ಟೂ ಕದಲಿಲ್ಲ ಎಂದರೆ ಮಾತ್ರ ಅಪ್‌ಡೇಟ್ ರದ್ದು ಮಾಡಿ, ಕನ್ಸೋಲನ್ನು ಮೆನುವಿನಿಂದ ಪೂರ್ತಿ ಆಫ್ ಮಾಡಿ. ಆಮೇಲೆ ಪವರ್ ಬಟನ್ ಒತ್ತಿ ಹಿಡಿಯಿರಿ. ಒಂದು ಬೀಪ್, ಸುಮಾರು 7 ಸೆಕೆಂಡ್ ಬಿಟ್ಟು ಇನ್ನೊಂದು ಬೀಪ್ ಬರುತ್ತದೆ. ಆಗ ಬಿಟ್ಟರೆ ಸೇಫ್ ಮೋಡ್, ಅಂದರೆ ತೊಂದರೆ ಸರಿಪಡಿಸಲೆಂದೇ ಇರುವ ಪಟ್ಟಿ, ತೆರೆಯುತ್ತದೆ. ಕಂಟ್ರೋಲರನ್ನು ಕೇಬಲ್‌ನಲ್ಲಿ ಜೋಡಿಸಿಕೊಳ್ಳಿ. ಪಟ್ಟಿಯಲ್ಲಿ 5ನೆಯದು ‘ರೀಬಿಲ್ಡ್ ಡೇಟಾಬೇಸ್’. ಅದು ಡಿಸ್ಕ್‌ನಲ್ಲಿ ಏನೇನಿದೆ ಎಂದು ಮತ್ತೆ ಲೆಕ್ಕ ಹಾಕಿಕೊಳ್ಳುತ್ತದೆ ಅಷ್ಟೆ, ಗೇಮ್ ಸೇವ್ ಅಳಿಸುವುದಿಲ್ಲ. ಅದರ ಕೆಳಗೇ 6ನೆಯದು ‘ಇನಿಷಿಯಲೈಸ್’. ಇವೆರಡರ ನಡುವೆ ಒಂದೇ ಸಾಲಿನ ಅಂತರ. ಅವಸರದಲ್ಲಿ ಒತ್ತಬೇಡಿ, ಓದಿ ಒತ್ತಿ.

ಮತ್ತೆ ಜಾಗ ಸಾಲದು ಅಂದರೆ ಇನ್ನೊಂದು ದಾರಿ ಇದೆ. ಡಿಜಿಟಲ್ ಆಗಿ ಕೊಂಡ ಗೇಮ್ ಆದರೆ ಆ ಗೇಮನ್ನೇ ಅಳಿಸಿ ಮತ್ತೆ ಡೌನ್‌ಲೋಡ್ ಮಾಡಿ. ಅಪ್‌ಡೇಟ್ ಸೇರಿದ ಇತ್ತೀಚಿನ ಆವೃತ್ತಿಯೇ ಬರುತ್ತದೆ, ನಕಲು ಮಾಡುವ ಗೋಜೇ ಇಲ್ಲ. ಇಂಟರ್ನೆಟ್ ಡೇಟಾ ಮಾತ್ರ ಹೆಚ್ಚು ಖರ್ಚಾಗುತ್ತದೆ. ಗೇಮ್ ಅಳಿಸಿದರೆ ಸೇವ್ ಹೋಗುವುದಿಲ್ಲ, ಅದು ಬೇರೆ ಕಡೆ ಇರುತ್ತದೆ. ಆದರೂ ನಾನು ಅಳಿಸುವ ಮೊದಲು ಸೇವನ್ನು ಒಂದು ಪೆನ್‌ಡ್ರೈವ್‌ಗೆ ಹಾಕಿಕೊಳ್ಳುತ್ತೇನೆ. ನೀವೂ ಹಾಕಿಕೊಳ್ಳಿ. ಪ್ಲೇಸ್ಟೇಷನ್ 5ರಲ್ಲಿ ಪಿಎಸ್5 ಗೇಮ್‌ಗಳ ಸೇವನ್ನು ಪೆನ್‌ಡ್ರೈವ್‌ಗೆ ಹಾಕಲು ಬಿಡುವುದಿಲ್ಲ, ಅಲ್ಲಿ ಕ್ಲೌಡ್ ಒಂದೇ ಗತಿ, ಅದಕ್ಕೆ ಪ್ಲೇಸ್ಟೇಷನ್ ಪ್ಲಸ್ ಚಂದಾ ಬೇಕು. ಎಕ್ಸ್‌ಬಾಕ್ಸ್‌ನಲ್ಲಿ ಕ್ಲೌಡ್ ಸೇವ್ ಉಚಿತ.

ಹೊಸ ಕನ್ಸೋಲ್‌ಗಳಲ್ಲಿ ಎಸ್‌ಎಸ್‌ಡಿ (ತಿರುಗುವ ತಟ್ಟೆ, ಮುಳ್ಳು ಇಲ್ಲದ ಡ್ರೈವ್) ಇರುವುದರಿಂದ ಈ ಕಾಯುವಿಕೆ ಬಹಳ ಕಡಿಮೆ. ಜಾಗದ ಚಿಂತೆ ಮಾತ್ರ ಹೋಗಿಲ್ಲ. ಮೊದಲ ಪ್ಲೇಸ್ಟೇಷನ್ 5ರ 825 ಜಿಬಿಯಲ್ಲಿ ನಮ್ಮ ಕೈಗೆ ಸಿಗುವುದು ಸುಮಾರು 667. ಎಕ್ಸ್‌ಬಾಕ್ಸ್ ಸೀರೀಸ್ ಎಸ್‌ನ 512ರಲ್ಲಿ ಸುಮಾರು 364. ನಾನು ಯಾವ ಕನ್ಸೋಲ್ ಆದರೂ ಅದರಲ್ಲಿರುವ ಅತಿ ದೊಡ್ಡ ಗೇಮ್‌ನಷ್ಟು ಜಾಗವನ್ನು ಸದಾ ಖಾಲಿ ಇಡುತ್ತೇನೆ. ಅದು ಅತಿ ಎಚ್ಚರಿಕೆ ಅನ್ನುವವರಿದ್ದಾರೆ. ನಾನು ಆ ಅಭ್ಯಾಸ ಬಿಡುವುದಿಲ್ಲ.

ಪ್ರಶ್ನೆ: ಡಿಎನ್‌ಎಸ್ ಬದಲಿಸಿದರೆ ಅಪ್‌ಡೇಟ್ ಹತ್ತು ಪಟ್ಟು ಬೇಗ ಇಳಿಯುತ್ತದೆ ಎಂದು ಒಂದು ವಿಡಿಯೊದಲ್ಲಿ ಹೇಳಿದ್ದಾರೆ. ನಿಜವೇ?

ಉತ್ತರ: ಸುಳ್ಳು. ಡಿಎನ್‌ಎಸ್ ವಿಳಾಸ ಹುಡುಕಿಕೊಡುತ್ತದೆ, ಫೈಲ್ ಹೊತ್ತು ತರುವುದಿಲ್ಲ. ನಿಮ್ಮ ಇಂಟರ್ನೆಟ್ ಕಂಪನಿಯ ಡಿಎನ್‌ಎಸ್ ಕೆಟ್ಟಿದ್ದರೆ ಬದಲಿಸಿದಾಗ ಲಾಭ ಕಾಣಬಹುದು. ಕೆಲವೊಮ್ಮೆ ಬದಲಿಸಿದ್ದರಿಂದಲೇ ದೂರದ ಸರ್ವರ್ ಗಂಟುಬಿದ್ದು ಇನ್ನೂ ನಿಧಾನವಾಗುತ್ತದೆ. ವೇಗ ಬೇಕಾದರೆ ರೂಟರ್‌ನಿಂದ ಕನ್ಸೋಲ್‌ಗೆ ಕೇಬಲ್ ಎಳೆಯಿರಿ. ಮೊದಲ ಮಾದರಿಯ ಪ್ಲೇಸ್ಟೇಷನ್ 4ರಲ್ಲಂತೂ 5 ಗಿಗಾಹರ್ಟ್ಜ್ ವೈಫೈ ಇಲ್ಲವೇ ಇಲ್ಲ, ಅದಕ್ಕೆ ಕೇಬಲ್‌ಗಿಂತ ದೊಡ್ಡ ಉಪಕಾರವಿಲ್ಲ.

ಪ್ರಶ್ನೆ: ನನ್ನ ಲೈನ್ 100 ಎಂಬಿಪಿಎಸ್. 40 ಜಿಬಿ ಅಪ್‌ಡೇಟ್ ಏಳು ನಿಮಿಷದಲ್ಲಿ ಬರಬೇಕಲ್ಲ? ಎಕ್ಸ್‌ಬಾಕ್ಸ್‌ನಲ್ಲಿ ಎರಡು ಗಂಟೆ ಆಯಿತು.

ಉತ್ತರ: ಲೈನ್‌ನ ವೇಗ ಬಿಟ್‌ಗಳಲ್ಲಿ, ಫೈಲ್ ಬೈಟ್‌ಗಳಲ್ಲಿ. ಒಂದು ಬೈಟ್‌ಗೆ 8 ಬಿಟ್. ಹಾಗೆ ಲೆಕ್ಕ ಹಾಕಿದರೆ ಎಲ್ಲ ಸರಿ ಇದ್ದರೂ 53 ನಿಮಿಷ ಬೇಕು. ಉಳಿದ ತಡಕ್ಕೆ ಕಾರಣ, ನೀವು ಆ ಹೊತ್ತಿನಲ್ಲಿ ಯಾವುದೋ ಗೇಮ್ ತೆರೆದಿಟ್ಟಿರುತ್ತೀರಿ. ಗೇಮ್ ನಡೆಯುತ್ತಿದ್ದರೆ ಎಕ್ಸ್‌ಬಾಕ್ಸ್ ಡೌನ್‌ಲೋಡ್ ವೇಗವನ್ನು ತಾನೇ ಇಳಿಸುತ್ತದೆ. ಗೇಮ್‌ನಿಂದ ಹೋಮ್‌ಗೆ ಬಂದರೆ ಸಾಲದು, ಅದನ್ನು ಮುಚ್ಚಿ.

ಪ್ರಶ್ನೆ: ದುಡ್ಡು ಕೊಟ್ಟು ಗೇಮ್‌ನ ಡಿಸ್ಕ್ ಕೊಂಡಿದ್ದೇನೆ. ಮೊದಲ ದಿನವೇ ಅಪ್‌ಡೇಟ್ ಕೇಳುವುದು ಮೋಸವಲ್ಲವೇ? ಹಿಂದಿನ ಗೇಮ್‌ಗಳು ಹೀಗಿರಲಿಲ್ಲ.

ಉತ್ತರ: ಡಿಸ್ಕ್ ಅಚ್ಚಿಗೆ ಹೋಗುವುದು ಬಿಡುಗಡೆಗೆ ವಾರಗಳ ಮೊದಲು. ಆ ವಾರಗಳಲ್ಲಿ ಸಿಕ್ಕ ತಪ್ಪುಗಳನ್ನು ತಿದ್ದಿದ್ದೇ ಮೊದಲ ದಿನದ ಅಪ್‌ಡೇಟ್. ಅರೆಬೆಂದ ಗೇಮ್ ಮಾರುವವರೂ ಇದ್ದಾರೆ, ಅವರ ಮೇಲೆ ನನಗೂ ಕೋಪವಿದೆ. ಆದರೆ ಹಿಂದಿನ ಕಾಲ ಚೆನ್ನಾಗಿತ್ತು ಅನ್ನಬೇಡಿ. 2011ರಲ್ಲಿ ವೀ ಕನ್ಸೋಲ್‌ಗೆ ಬಂದ ‘ದಿ ಲೆಜೆಂಡ್ ಆಫ್ ಜೆಲ್ಡಾ: ಸ್ಕೈವರ್ಡ್ ಸ್ವೋರ್ಡ್’ನಲ್ಲಿ ಒಂದು ಘಟ್ಟದ ಕೆಲಸಗಳನ್ನು ಒಂದು ನಿರ್ದಿಷ್ಟ ಕ್ರಮದಲ್ಲಿ ಮಾಡಿದರೆ ಮುಂದಿನ ದಾರಿಯೇ ಮುಚ್ಚಿಹೋಗುತ್ತಿತ್ತು. ಡಿಸ್ಕ್‌ನಲ್ಲಿರುವ ಗೇಮನ್ನು ತಿದ್ದುವ ವ್ಯವಸ್ಥೆ ಇಲ್ಲದ್ದರಿಂದ, ಕೆಟ್ಟ ಸೇವನ್ನು ರಿಪೇರಿ ಮಾಡಲೆಂದೇ ನಿಂಟೆಂಡೊ ಪ್ರತ್ಯೇಕವಾಗಿ ಒಂದು ಚಾನೆಲ್ (ವೀ ಕನ್ಸೋಲ್‌ನಲ್ಲಿ ಆ್ಯಪ್‌ಗೆ ಇದ್ದ ಹೆಸರು) ಬಿಡಬೇಕಾಯಿತು. ಇವತ್ತು ಅದೇ ತಪ್ಪು ಒಂದು ಸಣ್ಣ ಅಪ್‌ಡೇಟ್‌ನಲ್ಲಿ ಮುಗಿಯುತ್ತದೆ.

ಪ್ರಶ್ನೆ: ಪ್ಲೇಸ್ಟೇಷನ್ 4ರಲ್ಲಿ ‘ಸೈಬರ್‌ಪಂಕ್ 2077’ಕ್ಕೆ 2.0 ಅಪ್‌ಡೇಟ್ ಹಾಕುವುದು ಹೇಗೆ?

ಉತ್ತರ: ಆಗುವುದಿಲ್ಲ. 2023ರ ಸೆಪ್ಟೆಂಬರ್‌ನಲ್ಲಿ ಬಂದ ಆ ಅಪ್‌ಡೇಟ್ ಪ್ಲೇಸ್ಟೇಷನ್ 4 ಮತ್ತು ಎಕ್ಸ್‌ಬಾಕ್ಸ್ ಒನ್‌ಗೆ ಬರಲೇ ಇಲ್ಲ. ಹಾಕಿಕೊಡುತ್ತೇನೆ ಅನ್ನುವವನ ಕೈಗೆ ಕನ್ಸೋಲ್ ಕೊಡಬೇಡಿ.

ಪ್ರಶ್ನೆ: ನನ್ನ ಮತ್ತು ತಮ್ಮನ ನಿಂಟೆಂಡೊ ಸ್ವಿಚ್‌ಗಳು ಒಂದೇ ಗೇಮ್‌ನಲ್ಲಿ ಜೋಡಿಯಾಗುತ್ತಿಲ್ಲ. ಇಬ್ಬರ ಆವೃತ್ತಿ ಬೇರೆ ಅನ್ನುತ್ತಿದೆ, ಇಲ್ಲಿ ಇಂಟರ್ನೆಟ್ ಇಲ್ಲ.

ಉತ್ತರ: ಇಂಟರ್ನೆಟ್ ಬೇಕಿಲ್ಲ. ಇಬ್ಬರೂ ಗೇಮ್ ಚಿತ್ರದ ಮೇಲೆ ನಿಂತು ಪ್ಲಸ್ ಬಟನ್ ಒತ್ತಿ, ಸಾಫ್ಟ್‌ವೇರ್ ಅಪ್‌ಡೇಟ್ ತೆರೆಯಿರಿ. ಅಲ್ಲಿ ‘ಮ್ಯಾಚ್ ವರ್ಷನ್ ವಿತ್ ಲೋಕಲ್ ಯೂಸರ್ಸ್’ ಅಂತ ಇದೆ. ಹೊಸ ಆವೃತ್ತಿ ಇರುವ ಸ್ವಿಚ್‌ನಿಂದ ಹಳೆಯದಕ್ಕೆ ಅಪ್‌ಡೇಟ್ ನೇರವಾಗಿ ದಾಟುತ್ತದೆ. ಇಷ್ಟು ಒಳ್ಳೆಯ ಸೌಲಭ್ಯ ಯಾರ ಕಣ್ಣಿಗೂ ಬೀಳದಿರುವುದು ನನಗೆ ಬೇಸರದ ಸಂಗತಿ.

ಪ್ರಶ್ನೆ: ಅಪ್‌ಡೇಟ್ ಮಾಡಿದಷ್ಟೂ ಕನ್ಸೋಲ್ ನಿಧಾನವಾಗುತ್ತದಂತೆ, ಹೌದೇ?

ಉತ್ತರ: ಇಲ್ಲ. ತುಂಬಿ ತುಳುಕುವ ಡಿಸ್ಕ್ ಮತ್ತು ಧೂಳು ಕಟ್ಟಿದ ಫ್ಯಾನ್ ನೋಡಿಕೊಳ್ಳಿ.

ಪ್ರಶ್ನೆ: ಆಟೋ ಅಪ್‌ಡೇಟ್ ಆನ್ ಇಡಬೇಕೇ, ಆಫ್ ಇಡಬೇಕೇ? ನಿಮ್ಮ ಮನೆಯಲ್ಲಿ ಹೇಗೆ?

ಉತ್ತರ: ಗೇಮ್‌ಗಳಿಗೆ ಆನ್. ಪ್ಲೇಸ್ಟೇಷನ್‌ನಲ್ಲಿ ರೆಸ್ಟ್ ಮೋಡ್‌ನಲ್ಲೂ ಇಂಟರ್ನೆಟ್ ಜೋಡಣೆ ಉಳಿಯುವ ಸೆಟ್ಟಿಂಗ್ ಆನ್ ಇರಬೇಕು, ಇಲ್ಲದಿದ್ದರೆ ಆಟೋ ಎಂಬುದು ಹೆಸರಿಗಷ್ಟೇ. ಸಿಸ್ಟಮ್ ಸಾಫ್ಟ್‌ವೇರ್ ಮಾತ್ರ ನಾನು ಡೌನ್‌ಲೋಡ್ ಆಗಲು ಬಿಟ್ಟು, ಇನ್‌ಸ್ಟಾಲನ್ನು ಕೈಯಾರೆ ಮಾಡುತ್ತೇನೆ. ಹಗಲು ಹೊತ್ತು, ಕನ್ಸೋಲನ್ನು ಯುಪಿಎಸ್‌ಗೆ ಸಿಕ್ಕಿಸಿ, ಮುಗಿಯುವವರೆಗೂ ಎದುರಿಗೇ ಕೂತಿರುತ್ತೇನೆ. ಪೆನ್‌ಡ್ರೈವ್‌ನಿಂದ ಹಾಕಬೇಕಾಗಿ ಬಂದರೆ ಆ ಫೈಲನ್ನು ಕನ್ಸೋಲ್ ತಯಾರಿಸಿದ ಕಂಪನಿಯ ಸೈಟ್‌ನಿಂದಲೇ ಇಳಿಸಿಕೊಳ್ಳುತ್ತೇನೆ. ಎಲ್ಲ ಗೇಮ್ ಉಚಿತವಾಗಿ ತೆರೆಯುವ ಸಾಫ್ಟ್‌ವೇರ್ ಎಂದು ಯಾರೋ ಕೊಟ್ಟ ಪೆನ್‌ಡ್ರೈವ್ ಹಾಕಿ, ಆನ್‌ಲೈನ್ ಖಾತೆಯೇ ಬ್ಯಾನ್ ಆಗಿ ನನ್ನ ಹತ್ತಿರ ಬಂದವರಿಗೆ ನಾನು ಏನೂ ಮಾಡಲಾಗಿಲ್ಲ.